ನೋಡೋಣ ಎಂದ ಫ್ರೀಹೋಲ್ಡರ್

ನ್ಯೂಜೆರ್ಸಿಯಲ್ಲಿ ಆಗ ಕೌಂಟಿಯನ್ನು, ಎಂದರೆ ನಮ್ಮ ಜಿಲ್ಲೆಯಂಥದ್ದನ್ನು, ಆಳುವವರಿಗೆ ಫ್ರೀಹೋಲ್ಡರ್ ಎಂಬ ಬಿರುದಿತ್ತು. ಅಮೆರಿಕದಲ್ಲಿ ಬೇರೆಲ್ಲೂ ಇಲ್ಲದ ಹೆಸರು. ಹಿಂದೆ ಯಾವುದೋ ಕಾಲದಲ್ಲಿ ಸ್ವಂತ ಜಮೀನು ಇದ್ದವನು ಮಾತ್ರ ಆ ಕುರ್ಚಿಯಲ್ಲಿ ಕೂರಬಹುದಿತ್ತಂತೆ. ಜಮೀನಿನ ನಿಯಮ ಹೋಯಿತು, ಹೆಸರು ಉಳಿಯಿತು, ಗತ್ತೂ ಉಳಿಯಿತು. ರಸ್ತೆ, ಸೇತುವೆ, ಜೈಲು, ಕೌಂಟಿ ಕಾಲೇಜು, ಎಲ್ಲ ಅವರ ಕೈಯಲ್ಲಿ. ನವೆಂಬರ್ ತಿಂಗಳಲ್ಲಿ ಚುನಾವಣೆ. ಅಕ್ಟೋಬರ್ ಬಂತೆಂದರೆ ಮನೆಗಳ ಮುಂದಿನ ಹುಲ್ಲಿನ ಮೇಲೆಲ್ಲ ಇವರ ಬೋರ್ಡುಗಳು ಏಳುತ್ತಿದ್ದವು, ಉದುರಿದ ಎಲೆಗಳ ಜೊತೆ ಅವನ್ನೂ ಯಾರಾದರೂ ಗುಡಿಸಬಾರದೇ ಎನ್ನಿಸುವಷ್ಟು.

ಈ ಹೆಸರಿನ ಅರ್ಥವೇನು ಎಂಬ ಚರ್ಚೆ ಒಮ್ಮೆ ಪಾರ್ಸಿಪನಿಯಲ್ಲಿ, ಧಾರವಾಡದ ಕಡೆಯ ಡಾಕ್ಟರೊಬ್ಬರ ಮನೆಯಲ್ಲಿ ಊಟದ ನಂತರ ನಡೆಯಿತು. ನಮ್ಮವರು, ಅಂದರೆ ನನ್ನ ಗಂಡ, ಇಂಗ್ಲೆಂಡಿನ ಭೂಕಾನೂನಿನಿಂದ ಶುರುಮಾಡಿ ದೊಡ್ಡದೊಂದು ಭಾಷಣವನ್ನೇ ಬಿಗಿದರು. ಡಾಕ್ಟರು ಎಲೆಯಡಿಕೆ ಇಲ್ಲದ ಬೇಸರಕ್ಕೆ ಸೋಂಪು ಅಗಿಯುತ್ತ ಕೇಳಿಸಿಕೊಂಡು, "ಅಷ್ಟೆಲ್ಲಾ ಯಾಕ್ರೀ, ನಮ್ಮ ಕಡೆ ಇನಾಂದಾರ ಅಂತಿದ್ರಲ್ಲಾ, ಅವರಽ ಇವರು. ಅಲ್ಲೆ ಅವರನ್ನ ತಗದು ಹಾಕಿದ್ರು, ಇಲ್ಲೆ ಓಟ್ ಹಾಕಿ ಕೂಡಸ್ತಾರ, ಅಷ್ಟಽ ಫರಕು" ಎಂದರು. ನಾನು ನನ್ನ ಪಾಲಿಗೆ, ಫ್ರೀ ಎಂದರೆ ಬಿಟ್ಟಿ, ಹೋಲ್ಡರ್ ಎಂದರೆ ಹಿಡಿದವನು, ಒಟ್ಟಿನಲ್ಲಿ ಬಿಟ್ಟಿ ಹಿಡಿದು ಕೂತವನು ಎಂದೆ. ಎಲ್ಲರೂ ನಕ್ಕರು. ನಮ್ಮವರು ಮಾತ್ರ ನಗಲಿಲ್ಲ. ನನ್ನ ಇಂಗ್ಲಿಷಿನ ಬಗ್ಗೆ ಅವರಿಗೆ ಮೊದಲಿನಿಂದಲೂ ಸಂಕೋಚ.

ಆ ಇಂಗ್ಲಿಷಿನ ಬಗ್ಗೆ ಒಂದು ಮಾತು ಹೇಳಬೇಕು. ನಾನು ಮೈಸೂರಿನಲ್ಲಿ ಬಿ.ಎಸ್ಸಿ. ಮಾಡಿದವಳು. ಓದಲು, ಬರೆಯಲು ಯಾವ ತೊಂದರೆಯೂ ಇರಲಿಲ್ಲ. ಯಾರಾದರೂ ಮಾತನಾಡಿದರೆ ಮಾತ್ರ ಪ್ರತಿ ವಾಕ್ಯವನ್ನೂ ಮನಸ್ಸಿನಲ್ಲೇ ಕನ್ನಡ ಮಾಡಿಕೊಂಡು ಆಮೇಲೆ ಉತ್ತರ ಹುಡುಕುತ್ತಿದ್ದೆ. ನಮ್ಮವರು ಹಾಗಲ್ಲ. ಪಿಸ್ಕಾಟವೇ ಕಡೆ ಟೆಲಿಫೋನ್ ಕಂಪನಿಯೊಂದರಲ್ಲಿ ಇಂಜಿನಿಯರು. ಇಂಗ್ಲಿಷ್ ಅವರ ಕಿವಿಯಲ್ಲಿ ಹೊಕ್ಕು ಕನ್ನಡವನ್ನು ಮುಟ್ಟದೆ ನೇರವಾಗಿ ಎದೆಗಿಳಿಯುತ್ತಿತ್ತು. ಯಾರಾದರೂ ಬಿಳಿಯರು 'ವಂಡರ್‌ಫುಲ್' ಎಂದರೆ ಸಾಕು, ನಿಜಕ್ಕೂ ವಂಡರ್‌ಫುಲ್ ಎಂದು ನಂಬಿ ಎರಡು ದಿನ ಅದರಲ್ಲೇ ಇರುತ್ತಿದ್ದರು.

ನಾವಿದ್ದದ್ದು ಕೌಂಟಿ ರಸ್ತೆಯ ಪಕ್ಕದ ಅಪಾರ್ಟ್‌ಮೆಂಟಿನಲ್ಲಿ. ರಸ್ತೆಯ ಆಚೆ ಬದಿಗೆ ಒಂದು ಬಸ್ ಸ್ಟಾಪ್. ಅಲ್ಲಿಂದ ಹೊರಟ ಬಸ್ಸು ನೇರ ಕೌಂಟಿ ಕಾಲೇಜಿಗೆ ಹೋಗುತ್ತಿತ್ತು. ಆ ಕಾಲೇಜಿನಲ್ಲಿ ಆಸ್ಪತ್ರೆಯ ಲ್ಯಾಬ್ ಕೆಲಸದ ಕೋರ್ಸ್ ಇತ್ತು, ನನಗೆ ಅದನ್ನು ಮಾಡಬೇಕಿತ್ತು. ಇಷ್ಟೇ ನನ್ನ ಆಸೆ. ಅಡಿಗೆಮನೆಯ ಕಿಟಕಿಯಲ್ಲಿ ನಿಂತರೆ ಬಸ್ ಸ್ಟಾಪ್ ಕಾಣುತ್ತಿತ್ತು, ಬಸ್ಸು ಬರುವುದು ಕಾಣುತ್ತಿತ್ತು, ಯಾರನ್ನೋ ಹತ್ತಿಸಿಕೊಂಡು ಹೋಗುವುದೂ ಕಾಣುತ್ತಿತ್ತು. ನಡುವೆ ಆ ರಸ್ತೆ. ಸಿಗ್ನಲ್ ಇಲ್ಲ, ಫುಟ್‌ಪಾತ್ ಇಲ್ಲ, ಕಾರು ಲಾರಿಗಳಿಗೆ ಕೊನೆಯೇ ಇಲ್ಲ. ಮಗಳನ್ನು ಕಿಂಡರ್‌ಗಾರ್ಟನ್‌ಗೆ ಕರೆದೊಯ್ಯುವ ಹಳದಿ ಬಸ್ಸು ಕೆಂಪು ದೀಪ ಮಿನುಗಿಸಿ ನಿಂತರೆ ಎರಡೂ ಕಡೆಯ ವಾಹನಗಳು ಮಂತ್ರ ಹಾಕಿದಂತೆ ನಿಲ್ಲುತ್ತಿದ್ದವು. ನನಗಾಗಿ ಒಂದು ಸೈಕಲ್ಲೂ ನಿಲ್ಲುತ್ತಿರಲಿಲ್ಲ. ಒಮ್ಮೆ ಧೈರ್ಯ ಮಾಡಿ ಸೀರೆ ಎತ್ತಿ ಹಿಡಿದು ಓಡಿದೆ. ನಡುರಸ್ತೆಯಲ್ಲಿ ಲಾರಿಯೊಂದು ಮೈಮೇಲೇ ಬಂದಂತೆ ಹಾರ್ನ್ ಹೊಡೆಯಿತು. ಹೇಗೋ ಹಿಂದಕ್ಕೆ ಬಂದು ಬಿದ್ದೆ. ಅಂದಿನಿಂದ ಆ ರಸ್ತೆಯ ತಂಟೆಗೆ ಹೋಗಲಿಲ್ಲ.

ಹಾಗಾದರೆ ಕಾರು ಕಲಿಯಬಹುದಿತ್ತಲ್ಲ ಎಂದು ನೀವು ಕೇಳುತ್ತೀರಿ. ನಾನೂ ಅದನ್ನೇ ಕೇಳುತ್ತಿದ್ದೆ. ನಮ್ಮವರ ಉತ್ತರ, ನೋಡೋಣ. ಮೊದಲ ವರ್ಷ ಸ್ನೋ ಕಳೆಯಲಿ, ನೋಡೋಣ. ಆಮೇಲೆ ಮಗು ಸ್ವಲ್ಪ ದೊಡ್ಡದಾಗಲಿ, ನೋಡೋಣ. ಪೆಟ್ರೋಲಿಗೆ ಬಂಕುಗಳ ಮುಂದೆ ಕ್ಯೂ ನಿಲ್ಲುವ ಕಾಲ ಬಂತು. ಇಂಥ ಸಮಯದಲ್ಲಿ ಕಲಿಯುವುದಕ್ಕೆಂದು ಪೆಟ್ರೋಲ್ ಸುಡುವುದೇ, ನೋಡೋಣ. ಕ್ಯೂ ಕರಗಿತು, ನೋಡೋಣ ಕರಗಲಿಲ್ಲ.

ಕನ್ನಡದವರಿಗೆ ಈ ಪದವನ್ನು ಬಿಡಿಸಿ ಹೇಳಬೇಕಾಗಿಲ್ಲ. ನನ್ನನ್ನು ನೋಡಲು ನಮ್ಮವರಿಗಿಂತ ಮೊದಲು ಬಂದ ಎರಡು ಮನೆಯವರು ಉಪ್ಪಿಟ್ಟು, ಕೇಸರಿಬಾತು ಮುಗಿಸಿ, ಕಾಫಿ ಕುಡಿದು, "ನೋಡೋಣ, ತಿಳಿಸ್ತೀವಿ" ಎಂದು ಎದ್ದರು. ಅವರು ಗೇಟು ದಾಟುವ ಮೊದಲೇ ನಮ್ಮಮ್ಮ ತಟ್ಟೆ ತೊಳೆಯಲು ಹಾಕಿದ್ದರು. ತಿಳಿಸುತ್ತಾರೆಂದು ಯಾರೂ ಕಾಯಲಿಲ್ಲ. ಇಲ್ಲ ಎನ್ನುವ ಧೈರ್ಯವಿಲ್ಲದವರಿಗೆ, ಹೂಂ ಎನ್ನುವ ಮನಸ್ಸಿಲ್ಲದವರಿಗೆ ಆ ಪದ ಇರುವುದು.

ಊರಲ್ಲಿ ತುರ್ತುಪರಿಸ್ಥಿತಿ ಬಂದ ವರ್ಷ ನಾವಿಬ್ಬರೂ ಇಲ್ಲಿಯ ಸಿಟಿಜನ್ ಆದೆವು. ರೈಲುಗಳು ಸರಿಯಾದ ವೇಳೆಗೆ ಓಡುತ್ತಿವೆಯಂತೆ ಎಂದು ಅಲ್ಲಿಯದನ್ನು ಹೊಗಳುತ್ತಿದ್ದ ನಮ್ಮವರು, ಇಲ್ಲಿಯ ಪ್ರಜಾಪ್ರಭುತ್ವವನ್ನೂ ಅಷ್ಟೇ ಜೋರಾಗಿ ಹೊಗಳುತ್ತಿದ್ದರು. ಎರಡರ ನಡುವೆ ಅವರಿಗೆ ವಿರೋಧ ಕಾಣುತ್ತಿರಲಿಲ್ಲ. ನಾನು ಪಾಸ್‌ಪೋರ್ಟ್ ಬಿಟ್ಟುಕೊಟ್ಟದ್ದು ಮಾತ್ರ ಒಂದೇ ಕಾರಣಕ್ಕೆ. ರಸ್ತೆಗೆ ಸಿಗ್ನಲ್ ಹಾಕಿಸುವವರು ಫ್ರೀಹೋಲ್ಡರುಗಳು, ಓಟು ಇಲ್ಲದವಳ ಮಾತನ್ನು ಅವರು ಕೇಳುವುದಿಲ್ಲ ಎಂದು ನಮ್ಮವರೇ ಹೇಳಿದ್ದರು. "ಲೈಟ್ ಬಂದ್ರೆ ಬಸ್ಸಲ್ಲೇ ಹೋಗಬಹುದಲ್ಲ, ಡ್ರೈವಿಂಗ್ ಯಾಕೆ" ಎಂಬುದು ಆ ಹೊತ್ತಿಗೆ ಅವರ ಹೊಸ ನೋಡೋಣ ಆಗಿತ್ತು. ಒಂದು ಕೆಂಪು ದೀಪಕ್ಕಾಗಿ ದೇಶ ಬದಲಿಸಿದ ಹೆಂಗಸು ನಾನೊಬ್ಬಳೇ ಇರಬೇಕು.

ಮುಂದಿನ ಚುನಾವಣೆಯ ಹೊತ್ತಿಗೆ ಕುರ್ಚಿಯಲ್ಲಿದ್ದ ಫ್ರೀಹೋಲ್ಡರೊಬ್ಬರು ನಮ್ಮ ಮನೆಗೇ ಬಂದರು. ಪೀಠೋಪಕರಣದ ಅಂಗಡಿ ಇಟ್ಟಿದ್ದ ದಪ್ಪ ಮನುಷ್ಯ. ಸೋಫಾದ ಮೇಲೆ ಕೂರುವ ಮೊದಲು ಅದನ್ನು ಒತ್ತಿ ನೋಡಿದರು, ಅಂಗಡಿಯ ಅಭ್ಯಾಸ. ನಾನು ಉಪ್ಪಿಟ್ಟು ಮಾಡಿ ಕೊಟ್ಟೆ, ಎರಡನೇ ಸಲವೂ ಹಾಕಿಸಿಕೊಂಡರು. ತಿನ್ನುತ್ತ, ನಮ್ಮವರನ್ನು 'ನಿಮ್ಮ ಸಮುದಾಯದ ನಾಯಕರು' ಎಂದರು. ಆ ಸಮುದಾಯವೆಂದರೆ ನಮ್ಮ ಅಪಾರ್ಟ್‌ಮೆಂಟಿನಲ್ಲಿ ನಾವು, ಒಂದು ಗುಜರಾತಿ ಸಂಸಾರ, ಮತ್ತು ಎರಡು ತಿಂಗಳಿಗೊಮ್ಮೆ ಮನೆ ಬದಲಿಸುತ್ತಿದ್ದ ಒಬ್ಬ ಬ್ರಹ್ಮಚಾರಿ. ಗುಜರಾತಿಯವರಿಗೆ ಇನ್ನೂ ಓಟಿರಲಿಲ್ಲ. ಬ್ರಹ್ಮಚಾರಿಗೆ ವೀಸಾದ ಚಿಂತೆಯೇ ಸಾಕಾಗಿತ್ತು. ಆದರೂ ನಾಯಕ ಎಂದದ್ದೇ ತಡ, ನಮ್ಮವರ ಕುತ್ತಿಗೆ ಒಂದಂಗುಲ ಉದ್ದವಾಯಿತು.

ಸಿಗ್ನಲ್ ಕೇಳಿ ಎಂದು ನಾನು ಬಾಗಿಲ ಹಿಂದಿನಿಂದ ಕಣ್ಸನ್ನೆ ಮಾಡಿದೆ. ಅವರು ಕೇಳಿದರು ಎನ್ನಿ. ಭಾರತದ ನಾಗರಿಕತೆ, ಎರಡು ದೊಡ್ಡ ಪ್ರಜಾಪ್ರಭುತ್ವಗಳ ಸ್ನೇಹ, ಅಮೆರಿಕದ ಸ್ವಾತಂತ್ರ್ಯದ ಇನ್ನೂರು ವರ್ಷದ ಹಬ್ಬಕ್ಕೆ ನಮ್ಮಂಥವರ ಕೊಡುಗೆ, ಇವೆಲ್ಲ ಮುಗಿದ ಮೇಲೆ ಕೊನೆಗೆ ಸಣ್ಣ ದನಿಯಲ್ಲಿ, ನನ್ನ ಹೆಂಡತಿಗೆ ಈ ರಸ್ತೆಯದ್ದೊಂದು ಸಣ್ಣ ತೊಂದರೆ ಎಂದರು. ಆತ ನನ್ನ ಕಡೆ ತಿರುಗಿ ಬಹಳ ಪ್ರೀತಿಯಿಂದ, "ವಿ ವಿಲ್ ಲುಕ್ ಇಂಟು ಇಟ್" ಎಂದರು.

ಆತ ಹೋದ ಮೇಲೆ ನಮ್ಮವರು ಕುಣಿಯುವುದೊಂದು ಬಾಕಿ. "ನೋಡಿದ್ಯಾ? ಪ್ರಾಮಿಸ್ ಮಾಡಿ ಹೋದ್ರು." ನಾನು ಅಷ್ಟರಲ್ಲಿ ಅಭ್ಯಾಸದಂತೆ ಆ ವಾಕ್ಯವನ್ನು ಕನ್ನಡ ಮಾಡಿ ಮುಗಿಸಿದ್ದೆ. ವಿ ವಿಲ್, ನಾವು. ಲುಕ್, ನೋಡು. ಎಲ್ಲ ಸೇರಿಸಿದರೆ, ನೋಡೋಣ. ಉಪ್ಪಿಟ್ಟನ್ನೂ ತಿಂದಿದ್ದರು, ಇನ್ನೇನು ಬೇಕು? ಹಾಗೆಂದು ಹೇಳಿದೆ. ಇಂಗ್ಲಿಷಿನಲ್ಲಿ ಹಾಗಲ್ಲ, ಇಲ್ಲಿಯವರು ಆಡಿದ ಮಾತಿಗೆ ಬೆಲೆ ಕೊಡುತ್ತಾರೆ, ನಿನ್ನ ಮೈಸೂರಿನ ಬುದ್ಧಿಯನ್ನು ಇಲ್ಲಿ ತರಬೇಡ ಎಂದು ನನಗೇ ಪಾಠ ಮಾಡಿದರು. ಅವರ ಪ್ರಕಾರ ನೋಡೋಣ ಎಂಬುದು ಗಡಿ ದಾಟಿ ಇಂಗ್ಲಿಷಾದ ಕೂಡಲೇ ಪ್ರತಿಜ್ಞೆಯಾಗಿಬಿಡುತ್ತಿತ್ತು.

ವಾರದೊಳಗೆ ಎದುರು ಪಕ್ಷದ ಅಭ್ಯರ್ಥಿಯೂ ಹೆಂಡತಿ ಸಮೇತ ಬಂದ. ಆತ ವಕೀಲ, ಸಪೂರ, ನಗು ಅಷ್ಟೇ ಅಗಲ. ಮನೆಗೆ ಬಂದ ಹೆಣ್ಣುಮಗಳನ್ನು ಹಾಗೆಯೇ ಕಳಿಸಲು ಮನಸ್ಸು ಬಾರದೆ ನಾನು ಆಕೆಗೆ ಕುಂಕುಮ ಇಟ್ಟು ಒಂದು ರವಿಕೆ ಕಣ ಕೊಟ್ಟೆ. ಆಕೆ ಕನ್ನಡಿಯಲ್ಲಿ ಹಣೆ ನೋಡಿಕೊಂಡು, ಇದು ಇನ್ನೊಂದು ಪಕ್ಷದ ಗುರುತೇನಲ್ಲವಲ್ಲ ಎಂದು ಗಂಡನನ್ನು ಮೆಲ್ಲಗೆ ಕೇಳಿದಳು. ವಕೀಲನಿಗೂ ರಸ್ತೆಯ ವಿಷಯ ಹೇಳಿದ್ದಾಯಿತು. ಅವನೂ ಅದನ್ನೇ ಹೇಳಿದ. ಅದೇ ಮಾತು, ಅದೇ ಪ್ರೀತಿ. ಬದ್ಧವೈರಿಗಳಂತೆ ಬೋರ್ಡು ನೆಟ್ಟಿದ್ದ ಇಬ್ಬರೂ ನನ್ನ ಮೂಗಿಗೆ ತುಪ್ಪ ಸವರುವುದರಲ್ಲಿ ಮಾತ್ರ ಒಂದೇ ಮನೆಯ ಅಣ್ಣತಮ್ಮಂದಿರಾಗಿದ್ದರು.

ಅಕ್ಟೋಬರ್ ಕೊನೆಯಲ್ಲಿ ಕೌಂಟಿಯಿಂದ ಫೋನ್ ಬಂತು. ಇನ್ನೂರು ವರ್ಷದ ಹಬ್ಬಕ್ಕೆ ನಾನಾ ದೇಶದವರು ಕೊಟ್ಟ ಸಹಕಾರಕ್ಕಾಗಿ ಫ್ರೀಹೋಲ್ಡರುಗಳ ಸಭೆಯಲ್ಲಿ ನಮ್ಮವರಿಗೆ ಒಂದು ಪ್ರಶಸ್ತಿಪತ್ರ. ನಮ್ಮವರು ಕೊಟ್ಟ ಸಹಕಾರವೆಂದರೆ ಜುಲೈ ಮೆರವಣಿಗೆಯಲ್ಲಿ ಜರಿ ಪೇಟ ಸುತ್ತಿಕೊಂಡು ಅರ್ಧ ಮೈಲಿ ನಡೆದದ್ದು. ಚುನಾವಣೆ ಹತ್ತಿರವಾದಾಗ ಕೌಂಟಿಗೆ ಅದು ನೆನಪಾಯಿತು. ನಮ್ಮವರು ಹೊಸ ಟೈ ಕೊಂಡರು. ಮಗಳನ್ನು ಗುಜರಾತಿ ಆಂಟಿಯ ಹತ್ತಿರ ಬಿಟ್ಟು, ಸಂಜೆ ಇಬ್ಬರೂ ಹೋದೆವು.

ಫ್ರೀಹೋಲ್ಡರುಗಳು ಎತ್ತರದ ಕಟ್ಟೆಯ ಮೇಲೆ ಸಾಲಾಗಿ ಕೂತಿದ್ದರು. ಅಂದು ಅಧ್ಯಕ್ಷತೆ ಆ ಪೀಠೋಪಕರಣದವರದೇ. ನಮ್ಮವರ ಹೆಸರು ಕರೆದರು, ಕರೆದದ್ದು ಅವರ ಹೆಸರೇ ಎಂದು ಗೊತ್ತಾಗಲು ನಮಗಿಬ್ಬರಿಗೂ ಸ್ವಲ್ಪ ಹೊತ್ತು ಹಿಡಿಯಿತು. ಚೌಕಟ್ಟು ಹಾಕಿದ ಪತ್ರದಲ್ಲೂ ಅಕ್ಷರಗಳು ಅದಲುಬದಲು. ನಮ್ಮವರು ಅದನ್ನು ಎದೆಗಾನಿಸಿಕೊಂಡು ಫೋಟೋಗೆ ನಿಂತರು. ನನಗೆ ನಗು ಬಂತು, ಆದರೂ ಎಲ್ಲರಿಗಿಂತ ಜೋರಾಗಿ ಚಪ್ಪಾಳೆ ತಟ್ಟಿದೆ.

ಪ್ರಶಸ್ತಿಗಳು ಮುಗಿದ ಮೇಲೆ ಸಾರ್ವಜನಿಕರು ಯಾರಾದರೂ ಮಾತನಾಡುವುದಿದ್ದರೆ ಮೈಕಿನ ಬಳಿ ಬರಬಹುದು ಎಂದರು. ಎದ್ದುಬಿಟ್ಟೆ. ನಮ್ಮವರು ನನ್ನ ಸೆರಗಿನ ತುದಿ ಹಿಡಿದರು. ಬಿಡಿಸಿಕೊಂಡು ಹೋದೆ. ಮನೆ ಎಲ್ಲಿ, ರಸ್ತೆ ಯಾವುದು, ಬಸ್ ಸ್ಟಾಪ್ ಎಲ್ಲಿ, ಸಿಗ್ನಲ್ ಯಾಕೆ ಬೇಕು ಎಂದು ಬಾಯಿಪಾಠ ಮಾಡಿಕೊಂಡಿದ್ದನ್ನೆಲ್ಲ ಒಪ್ಪಿಸಿದೆ. ಅಧ್ಯಕ್ಷರು ಮುಗುಳ್ನಕ್ಕು, "ವಿ ವಿಲ್ ಲುಕ್ ಇಂಟು ಇಟ್" ಎಂದು ಮುಂದಿನವರನ್ನು ಕರೆದರು.

ನಾನು ಮೈಕು ಬಿಡಲಿಲ್ಲ. ಆಗ ನಾನು ಆಡಿದ ಹರಕು ಇಂಗ್ಲಿಷನ್ನು ಕನ್ನಡದಲ್ಲೇ ಹೇಳುವುದು ನನಗೂ ಇಂಗ್ಲಿಷಿಗೂ ಒಳ್ಳೆಯದು.

"ಸರ್, ನಮ್ಮ ಭಾಷೆಯಲ್ಲಿ ಇದಕ್ಕೆ ಒಂದೇ ಪದ ಇದೆ, ನೋಡೋಣ. ಹೆಣ್ಣು ನೋಡೋಕೆ ಬಂದವರು ತಿಂಡಿ ತಿಂದು ಇದನ್ನೇ ಹೇಳಿ ಹೋಗ್ತಾರೆ. ಅಂದ್ರೆ ಇಲ್ಲ ಅಂತ. ನೀವೂ ನಮ್ಮನೇಲಿ ತಿಂಡಿ ತಿಂದಿದ್ದೀರಿ. ಇಲ್ಲ ಅನ್ನೋದಾದ್ರೆ ಇಲ್ಲ ಅಂತಲೇ ಹೇಳಿ."

ಸಭೆಯಲ್ಲಿ ನಗು ಎದ್ದಿತು. ಆತ ನಗಲಿಲ್ಲ. ಕನ್ನಡಕ ತೆಗೆದು ಪಕ್ಕದಲ್ಲಿದ್ದ ಕೌಂಟಿ ಇಂಜಿನಿಯರನ್ನು ಏನೋ ಕೇಳಿದರು. ಆಮೇಲೆ ನನ್ನ ಮುಖ ನೋಡಿ, "ನೋ, ಮ್ಯಾಡಮ್" ಎಂದರು. ಸಿಗ್ನಲ್ ಹಾಕಲು ಲೆಕ್ಕಾಚಾರವಿದೆ, ಆ ಜಾಗದಲ್ಲಿ ನಡೆದು ದಾಟುವವರೇ ಇಲ್ಲ, ಇದುವರೆಗೆ ಅಲ್ಲಿ ಯಾರಿಗೂ ಅಪಘಾತವಾಗಿಲ್ಲ, ಹಾಗಾಗಿ ದೀಪ ಬರುವುದಿಲ್ಲ ಎಂದು ವಿವರಿಸಿದರು.

"ನಾನು ದಾಟೋದೇ ಇಲ್ವಲ್ಲ ಸರ್, ಅಪಘಾತ ಹೇಗಾಗಬೇಕು?" ಎಂದೆ.

ಆತ ತಲೆ ತಗ್ಗಿಸಿ, ಹೌದು, ನೀವು ಹೇಳುವುದು ಅರ್ಥವಾಗುತ್ತದೆ, ಆದರೂ ಇಲ್ಲ ಎಂದರು. ಥ್ಯಾಂಕ್ಯೂ ಎಂದು ಬಂದು ಕೂತೆ. ನಿಜವಾಗಿಯೂ ಥ್ಯಾಂಕ್ಸ್ ಹೇಳಬೇಕೆನ್ನಿಸಿತ್ತು. ಈ ದೇಶಕ್ಕೆ ಬಂದ ಮೇಲೆ ನನಗೊಂದು ನೇರ ಉತ್ತರ ಕೊಟ್ಟ ಮೊದಲ ಗಂಡಸು ಆತ.

ವಾಪಸು ಬರುವಾಗ ಪ್ರಶಸ್ತಿಪತ್ರ ಹಿಂದಿನ ಸೀಟಿನಲ್ಲಿ ಕಡಕಡ ಅನ್ನುತ್ತಿತ್ತು. ಅವರ ಮಾನ ಹೋಯಿತಂತೆ, ಅಷ್ಟು ಜನರ ಮುಂದೆ ಹೆಣ್ಣು ನೋಡುವ ವಿಷಯವನ್ನೆಲ್ಲ ತೆಗೆಯಬೇಕಿತ್ತೇ ಎಂದು ಕೊನೆಗೆ ಗೊಣಗಿದರು. ನಮ್ಮ ಅಪಾರ್ಟ್‌ಮೆಂಟಿಗೆ ಎಡಕ್ಕೆ ತಿರುಗಬೇಕು, ಎದುರಿನಿಂದ ಕಾರುಗಳ ಸಾಲು ನಿಲ್ಲುತ್ತಲೇ ಇಲ್ಲ. ಇಂಡಿಕೇಟರ್ ಹಾಕಿಕೊಂಡು ಕಾಯುತ್ತಿದ್ದೆವು. ಹೇಳಿದರೆ ಈಗಲೇ ಹೇಳಬೇಕು ಅನ್ನಿಸಿತು.

"ಅವರು ಇಲ್ಲ ಅಂದುಬಿಟ್ರು. ಇನ್ನು ಲೈಟಿನ ನೆಪ ಇಲ್ಲ. ನೀವೂ ಹೇಳಿಬಿಡಿ. ನನಗೆ ಡ್ರೈವಿಂಗ್ ಕಲಿಸ್ತೀರೋ ಇಲ್ವೋ?"

ಅವರು ರಸ್ತೆಯನ್ನೇ ನೋಡುತ್ತಿದ್ದರು. ಕಾರುಗಳ ನಡುವೆ ತಿರುಗುವಷ್ಟು ಜಾಗ ಸಿಕ್ಕಿತು, ತಿರುಗಿಸಲಿಲ್ಲ. ಹಿಂದಿನವನು ಹಾರ್ನ್ ಹೊಡೆದ.

"ಇಲ್ಲ" ಎಂದರು.

"ಯಾಕೆ?"

"ಆಫೀಸಲ್ಲಿ ನನ್ನ ಹೆಸರೇ ಯಾರಿಗೂ ಸರಿಯಾಗಿ ಹೇಳೋಕೆ ಬರಲ್ಲ. ಇವತ್ತು ಅಲ್ಲೂ ನೋಡಿದ್ಯಲ್ಲ. ನೀನೊಬ್ಳು, ಎಲ್ಲಿಗೆ ಹೋಗಬೇಕಾದ್ರೂ ನನ್ನನ್ನ ಕೇಳ್ತೀಯ. ಅದೂ ಹೋದ್ರೆ ನಂಗೇನು ಉಳಿಯತ್ತೆ?"

ಮದುವೆಯಾದಂದಿನಿಂದ ಅವರು ನನಗೆ ಹೇಳಿದ ಅತ್ಯಂತ ನಿಜವಾದ ಮಾತು ಅದು. ಅಯ್ಯೋ ಪಾಪ ಅನ್ನಿಸಿತು. ಅದರ ಹಿಂದೆಯೇ ಸಿಟ್ಟು ಬಂತು, ಸಿಟ್ಟೇ ಹೆಚ್ಚು. ಇವರಿಗೊಂದು ಕುರ್ಚಿ ಇರಲಿ ಎಂದು ನಾನು ಇಷ್ಟು ವರ್ಷ ಕಿಟಕಿಯಲ್ಲಿ ನಿಂತಿದ್ದೆನೇ? ಸೋಮವಾರ ಬೆಳಿಗ್ಗೆ ಅವರು ಆಫೀಸಿಗೆ ಹೋದ ಮೇಲೆ ಟೆಲಿಫೋನ್ ಡೈರೆಕ್ಟರಿ ತೆಗೆದು ಡ್ರೈವಿಂಗ್ ಸ್ಕೂಲಿಗೆ ಫೋನ್ ಮಾಡಿದೆ. ಅವರ ಕಾರು ಬಾಗಿಲಿಗೇ ಬಂದು ಕರೆದುಕೊಂಡು ಹೋಗುತ್ತದಂತೆ. ರಸ್ತೆ ದಾಟುವ ಪ್ರಶ್ನೆಯೇ ಇರಲಿಲ್ಲ. ಇಷ್ಟು ಸುಲಭದ್ದು ಇಷ್ಟು ವರ್ಷ ನನಗೆ ಹೊಳೆಯದಂತೆ ಆ ಪದ ನನ್ನನ್ನು ಕೂರಿಸಿತ್ತು. ಸಂಜೆ ನಮ್ಮವರಿಗೆ ಹೇಳಿದೆ, ಕೇಳಲಿಲ್ಲ, ಹೇಳಿದೆ. ಅವರು ಪತ್ರಿಕೆಯ ಹಾಳೆ ಮಗುಚಿದರು.

ಚುನಾವಣೆಯ ದಿನ ಪರದೆ ಎಳೆದ ಮೆಷಿನ್ನಿನೊಳಗೆ ನಿಂತು, ಇಲ್ಲ ಎಂದವರ ಹೆಸರಿನ ಸಣ್ಣ ಹಿಡಿಕೆ ಒತ್ತಿದೆ. ನಮ್ಮವರು, ಮರ್ಯಾದೆ ಕಳೆದವರಿಗೆ ಹಾಕುವುದಿಲ್ಲವೆಂದು ವಕೀಲನಿಗೆ ಹಾಕಿದರು. ಕೌಂಟಿಯ ಜನವೂ ನಮ್ಮವರ ಜೊತೆಗೇ ಇದ್ದರು. ವಕೀಲ ಸುಖವಾಗಿ ಗೆದ್ದ. ಪತ್ರಿಕೆಯವರು ರಸ್ತೆಗಳ ಬಗ್ಗೆ ಕೇಳಿದ್ದಕ್ಕೆ ಏನು ಹೇಳಿದನೆಂದು ನಾನು ಇಲ್ಲಿ ಬರೆಯಬೇಕಾಗಿಲ್ಲ. ಪೀಠೋಪಕರಣದವರು ಅಂಗಡಿಗೆ ವಾಪಸಾದರು. ಬಾಯ್ತಪ್ಪಿ ಒಂದು ನಿಜ ಹೇಳಿದ್ದಕ್ಕೇ ಅವರು ಸೋತರೆಂದು ನಾನು ಹೇಳುವುದಿಲ್ಲ, ಆದರೆ ಅದರಿಂದ ಅವರಿಗೆ ಸಿಕ್ಕಿದ್ದು ನನ್ನದೊಂದು ಓಟು ಮಾತ್ರ ಎಂಬುದು ನನಗೆ ಗೊತ್ತು.

ಮೊದಲ ಟೆಸ್ಟಿನಲ್ಲಿ ಫೇಲಾದೆ, ಎರಡನೆಯದರಲ್ಲಿ ಪಾಸಾದೆ. ಹಗಲು ಕಾರು ಅವರಿಗೆ ಬೇಕಿದ್ದರಿಂದ ಕೌಂಟಿ ಕಾಲೇಜಿನ ಸಂಜೆಯ ಕ್ಲಾಸಿಗೆ ಸೇರಿದೆ. ಮೊದಲ ದಿನ ಅವರು ಆಫೀಸಿನಿಂದ ಬಂದು ಕೀ ಮೇಜಿನ ಮೇಲಿಟ್ಟರು, ಕೈಗೆ ಕೊಡಲಿಲ್ಲ. ನಾನು ಎತ್ತಿಕೊಂಡೆ. ಮಗಳ ಕೈ ಹಿಡಿದು ಕೆಳಗೆ ಪಾರ್ಕಿಂಗ್‌ವರೆಗೆ ಬಂದರು. ಬ್ರೇಕು, ಕನ್ನಡಿ, ಎಡ ತಿರುವಿನ ಅಪಾಯ, ಎಲ್ಲದರ ಬಗ್ಗೆ ಉಪದೇಶ ಮಾಡಿ, ಅದೂ ಮುಗಿದ ಮೇಲೆ ಕಿಟಕಿಗೆ ಬಗ್ಗಿ, "ಎಷ್ಟು ಹೊತ್ತಿಗೆ ಬರ್ತೀಯ?" ಎಂದು ಕೇಳಿದರು. ಆ ಪ್ರಶ್ನೆಯನ್ನು ಅವರ ಬಾಯಲ್ಲಿ ನಾನು ಕೇಳಿದ್ದು ಅದೇ ಮೊದಲು.

"ಒಂಬತ್ತೂವರೆಗೆ" ಎಂದೆ.

ರಸ್ತೆಯ ಬಾಯಿಗೆ ಬಂದು ಕಾದೆ. ಕಾರುಗಳ ಸಾಲು ಒಂದು ಕ್ಷಣ ಕಡಿಯಿತು. ತಿರುಗಿಸುವ ಮೊದಲು ಕನ್ನಡಿ ನೋಡಿದರೆ ಅವರಿಬ್ಬರೂ ಇನ್ನೂ ಅಲ್ಲೇ ನಿಂತಿದ್ದರು, ಮಗಳು ಕೈ ಬೀಸುತ್ತಿದ್ದಳು, ಅವಳನ್ನು ನೋಡಿ ಅವರೂ ಅರ್ಧ ಕೈ ಎತ್ತಿದ್ದರು. ನನಗೂ ಬೀಸಬೇಕೆನ್ನಿಸಿತು. ಎರಡೂ ಕೈ ಸ್ಟೀರಿಂಗ್ ಮೇಲಿದ್ದವು.